ಹಿಮದ ನಾಡಿನಿಂದ ಕಾರಾಪುರದವರೆಗೆ: ಫ್ಲಾಹರ್ಟಿಯ ಕ್ಯಾಮೆರಾ ಕಂಡದ್ದು, ಕಾಣದೇ ಬಿಟ್ಟದ್ದು

ಕಾರಾಪುರ ಅಂದ್ರೆ ಇವತ್ತು ನಮಗೆ ನೆನಪಾಗೋದು ಕಬಿನಿ ಹಿನ್ನೀರು, ಸಫಾರಿ ಜೀಪು, ದುಬಾರಿ ರೆಸಾರ್ಟು. ಎಚ್.ಡಿ. ಕೋಟೆ ಕಡೆಯ ಈ ಊರಲ್ಲಿ 1924ರಲ್ಲಿ ಮಾವುತನೊಬ್ಬನ ಮನೆಯಲ್ಲಿ ಹುಟ್ಟಿದ ಹುಡುಗನೊಬ್ಬ ಹದಿಮೂರು ತುಂಬುವ ಹೊತ್ತಿಗೆ ಲಂಡನ್ ಸೇರಿದ್ದ, ಆಮೇಲೆ ಹಾಲಿವುಡ್ ತಾರೆಯೂ ಆದ. ಅವನೇ ಸಾಬು. ಈ ಕಥೆ ನಮ್ಮಲ್ಲಿ ತುಂಬ ಜನಕ್ಕೆ ಗೊತ್ತು. ಆದರೆ ಆ ಹುಡುಗನನ್ನು ಕ್ಯಾಮೆರಾ ಮುಂದೆ ನಿಲ್ಲಿಸಿದ ಅಮೆರಿಕದ ನಿರ್ದೇಶಕ ಯಾರು, ಅವನು ಮೈಸೂರಿಗೆ ಯಾಕೆ ಬಂದ, ಬರೋಕೆ ಮುಂಚೆ ಎಲ್ಲೆಲ್ಲಿ ಏನೇನು ಮಾಡಿದ್ದ ಅನ್ನೋದು ಅಷ್ಟಾಗಿ ಗೊತ್ತಿಲ್ಲ.

ಅವನ ಹೆಸರು ರಾಬರ್ಟ್ ಫ್ಲಾಹರ್ಟಿ. ಸಿನಿಮಾ ಚರಿತ್ರೆಯ ಪುಸ್ತಕಗಳು ಅವನನ್ನು ಸಾಕ್ಷ್ಯಚಿತ್ರದ ಪಿತಾಮಹ ಅಂತ ಕರೆಯುತ್ತವೆ. ಅದೇ ಪುಸ್ತಕಗಳು ಮುಂದಿನ ಪುಟದಲ್ಲಿ ಅವನ ಮೇಲೆ ಸುಳ್ಳಿನ ಆರೋಪವನ್ನೂ ಹೊರಿಸುತ್ತವೆ. ಎರಡೂ ನಿಜ. ಈ ಎರಡು ನಿಜಗಳು ಒಬ್ಬನೇ ಮನುಷ್ಯನ ಬದುಕಿನಲ್ಲಿ ಹೇಗೆ ಕೂಡಿಕೊಂಡವು ಅನ್ನೋದನ್ನ ಕೈಯಲ್ಲಿ ಮೊಬೈಲ್ ಹಿಡಿದು ಊರು, ಕೇರಿ, ಹಾಡಿ ಸುತ್ತಿ ವಿಡಿಯೊ ಮಾಡೋ ನಮ್ಮ ತಲೆಮಾರು ತಿಳಿದುಕೊಳ್ಳಲೇಬೇಕು.

ಅದಿರು ಹುಡುಕಲು ಹೋದವನು

ಫ್ಲಾಹರ್ಟಿ ಹುಟ್ಟಿದ್ದು 1884ರ ಫೆಬ್ರವರಿ 16ರಂದು, ಅಮೆರಿಕದ ಮಿಷಿಗನ್ ರಾಜ್ಯದ ಐರನ್ ಮೌಂಟನ್ ಎಂಬ ಊರಲ್ಲಿ. ಹೆಸರೇ ಹೇಳುವಂತೆ ಅದು ಕಬ್ಬಿಣದ ಗಣಿಗಳ ಊರು. ತಂದೆ ಗಣಿ ಎಂಜಿನಿಯರ್. ತೊಂಬತ್ತರ ದಶಕದ ಆರ್ಥಿಕ ಕುಸಿತದಲ್ಲಿ ಗಣಿ ಕೆಲಸ ನಿಂತಾಗ ತಂದೆ ಚಿನ್ನ ಹುಡುಕಿಕೊಂಡು ಕೆನಡಾ ಕಡೆ ಹೋದರು, ಹುಡುಗ ರಾಬರ್ಟ್ ಜೊತೆಗೆ ಹೋದ. ಗಣಿ ಕಾರ್ಮಿಕರ ನಡುವೆ, ಅಲ್ಲಿನ ಮೂಲನಿವಾಸಿಗಳ ನಡುವೆ ಬೆಳೆದ. ಹಿಮದಲ್ಲಿ ನಡೆಯೋದು, ದೋಣಿ ನಡೆಸೋದು, ಕಾಡಲ್ಲಿ ದಿನಗಟ್ಟಲೆ ಉಳಿಯೋದು ಕಲಿತ. ಶಾಲೆ ಮಾತ್ರ ಹತ್ತಲಿಲ್ಲ. ಗಣಿ ಕಾಲೇಜಿಗೆ ಸೇರಿಸಿದರೆ ಅಲ್ಲಿಂದಲೂ ಹೊರಗೆ ಹಾಕಿಸಿಕೊಂಡ. ಆ ಕಾಲೇಜಿನ ದಿನಗಳಲ್ಲಿ ಸಿಕ್ಕವಳು ಫ್ರಾನ್ಸಿಸ್ ಹಬರ್ಡ್. 1914ರಲ್ಲಿ ಇಬ್ಬರೂ ಮದುವೆಯಾದರು. ಮುಂದಿನ ಅವನ ಬಹುಪಾಲು ಚಿತ್ರಗಳ ಹಿಂದೆ ಅವಳ ದುಡಿಮೆ ಇದೆ. ಪಿತಾಮಹ ಅನ್ನೋ ಬಿರುದು ಮಾತ್ರ ಒಬ್ಬನಿಗೇ ಹೋಯಿತು.

1910ರಲ್ಲಿ ಕೆನಡಾದ ರೈಲ್ವೆ ಉದ್ಯಮಿ ಸರ್ ವಿಲಿಯಂ ಮೆಕೆಂಜಿ ಅವನನ್ನು ಹಡ್ಸನ್ ಕೊಲ್ಲಿಗೆ ಕಳಿಸಿದ. ಕೆಲಸ ಸಿನಿಮಾ ಅಲ್ಲ, ಕಬ್ಬಿಣದ ಅದಿರು ಹುಡುಕೋದು. ರೈಲು ಹಳಿ ಹಾಕಿದ ಕಡೆಯೆಲ್ಲ ಸರಕು ಬೇಕು, ಸರಕು ಬೇಕು ಅಂದ್ರೆ ಗಣಿ ಬೇಕು. ಆರು ವರ್ಷಗಳಲ್ಲಿ ನಾಲ್ಕು ಸಲ ಫ್ಲಾಹರ್ಟಿ ಆ ಹಿಮದ ನಾಡಿಗೆ ಹೋಗಿಬಂದ. ಬೆಲ್ಚರ್ ದ್ವೀಪಗಳ ನಕ್ಷೆ ಬರೆದ. ಅಲ್ಲಿನ ದೊಡ್ಡ ದ್ವೀಪಕ್ಕೆ ಇವತ್ತಿಗೂ ಅವನದೇ ಹೆಸರು. ಆ ದ್ವೀಪದಲ್ಲಿ ತಲೆತಲಾಂತರದಿಂದ ಬದುಕಿದ್ದ ಇನ್ಯುಯಿಟ್ ಜನ, ಅಂದರೆ ಹೊರಗಿನವರು ಎಸ್ಕಿಮೋ ಅಂತ ಕರೆದ ಜನ, ಅದಕ್ಕೆ ತಮ್ಮದೇ ಹೆಸರು ಇಟ್ಟುಕೊಂಡಿರಲಿಲ್ಲವೇ ಅಂತ ನಕ್ಷೆ ಕೇಳೋದಿಲ್ಲ.

1913ರ ಪ್ರಯಾಣಕ್ಕೆ ಹೊರಡುವಾಗ ಮೆಕೆಂಜಿ ಒಂದು ಸಲಹೆ ಕೊಟ್ಟ. ಹೇಗೂ ಹೋಗ್ತಿದ್ದೀಯ, ಆ ಜನ, ಪ್ರಾಣಿಗಳನ್ನೆಲ್ಲ ಸೆರೆಹಿಡಿಯೋಕೆ ಒಂದು ಸಿನಿಮಾ ಕ್ಯಾಮೆರಾ ತಗೊಂಡು ಹೋಗು ಅನ್ನೋ ಸಲಹೆ. ಫ್ಲಾಹರ್ಟಿ ಮೂರು ವಾರ ಕ್ಯಾಮೆರಾ ತರಬೇತಿ ಪಡೆದು ಹೊರಟ. ಅದಿರಿನ ವಿಚಾರ ಹಿಂದೆ ಸರಿಯುತ್ತ ಬಂತು, ಜನರ ಬದುಕು ಚಿತ್ರೀಕರಿಸುವ ಹುಚ್ಚು ಹತ್ತಿತು.

ಸುಟ್ಟುಹೋದ ರೀಲು

1916ರಲ್ಲಿ ಟೊರಾಂಟೊದಲ್ಲಿ ಕೂತು ಆ ಚಿತ್ರವನ್ನು ಜೋಡಿಸುತ್ತಿದ್ದಾಗ ಅವನ ಸಿಗರೇಟಿನ ಕಿಡಿ ಫಿಲಂ ಮೇಲೆ ಬಿತ್ತು. ಆಗಿನ ನೈಟ್ರೇಟ್ ಫಿಲಂ ಸೀಮೆಎಣ್ಣೆ ಹಾಗೆ ಹೊತ್ತಿಕೊಳ್ಳುತ್ತಿತ್ತು. ಸುಮಾರು 30 ಸಾವಿರ ಅಡಿ ಫಿಲಂ ಕಣ್ಣೆದುರೇ ಬೂದಿಯಾಯಿತು, ಅವನೂ ಸುಟ್ಟಗಾಯಗಳಿಂದ ಆಸ್ಪತ್ರೆ ಸೇರಿದ. ಒಂದು ಪ್ರತಿ ಮಾತ್ರ ಉಳಿದಿತ್ತು. ಅದನ್ನು ಅಲ್ಲಿ ಇಲ್ಲಿ ತೋರಿಸಿದ. ತೋರಿಸುತ್ತ ತೋರಿಸುತ್ತ ಅವನಿಗೇ ಅದು ಬೇಸರ ತರಿಸಿತು. ಇಲ್ಲೊಂದು ನೋಟ, ಅಲ್ಲೊಂದು ನೋಟ, ಪ್ರವಾಸಿಯ ಆಲ್ಬಮ್ ಹಾಗೆ. ಜನ ಅದರಲ್ಲಿ ಇದ್ದರೂ ಒಬ್ಬ ಮನುಷ್ಯನೂ ಇರಲಿಲ್ಲ.

ಇಲ್ಲಿಂದಲೇ ಅವನ ದೊಡ್ಡ ಯೋಚನೆ ಹುಟ್ಟಿದ್ದು. ಇಡೀ ಜನಾಂಗವನ್ನು ತೋರಿಸೋ ಬದಲು ಒಂದು ಕುಟುಂಬವನ್ನು ತೋರಿಸಬೇಕು. ಅವರ ಜೊತೆ ವರ್ಷಗಟ್ಟಲೆ ಇರಬೇಕು. ಅವರ ಹಸಿವು, ಚಳಿ, ಬೇಟೆ, ನಗು ಎಲ್ಲ ಒಂದು ಕಥೆಯ ಹಾಗೆ ನೋಡುವವನ ಮನಸ್ಸಿಗೆ ಇಳಿಯಬೇಕು. ನಟರಿಲ್ಲದ, ಸ್ಟುಡಿಯೊ ಇಲ್ಲದ ಇಂಥ ಸಿನಿಮಾಗೆ ಆಗ ಹೆಸರೇ ಇರಲಿಲ್ಲ.

ದುಡ್ಡು ಕೊಟ್ಟದ್ದು ರೆವಿಯೋ ಫ್ರೇರ್ ಎಂಬ ಫ್ರೆಂಚ್ ತುಪ್ಪಳ ಕಂಪನಿ. ಖರ್ಚಾದದ್ದು ಐವತ್ತು ಸಾವಿರ ಡಾಲರಿಗೂ ಮೇಲೆ. ಇನ್ಯುಯಿಟ್ ಬೇಟೆಗಾರರಿಂದ ಬಿಳಿ ನರಿಯ ಚರ್ಮ ಕೊಂಡು ಪ್ಯಾರಿಸ್, ನ್ಯೂಯಾರ್ಕ್‌ನ ಶ್ರೀಮಂತರಿಗೆ ಮಾರುವುದು ಈ ಕಂಪನಿಯ ವ್ಯಾಪಾರ. ಅಂದ್ರೆ, ಯಾರ ದುಡಿಮೆಯಿಂದ ಕಂಪನಿ ಬದುಕಿತ್ತೋ ಅವರ ಬಗ್ಗೆಯೇ ಕಂಪನಿ ಸಿನಿಮಾ ಮಾಡಿಸುತ್ತಿತ್ತು. ಇದು ನೆನಪಿರಲಿ.

ನಾನೂಕ್ ಎಂಬ ಹೆಸರಿನ ಹಿಂದೆ

1920ರ ಆಗಸ್ಟ್‌ನಲ್ಲಿ ಫ್ಲಾಹರ್ಟಿ ಹಡ್ಸನ್ ಕೊಲ್ಲಿಯ ಪೂರ್ವ ದಡದ ಪೋರ್ಟ್ ಹ್ಯಾರಿಸನ್ ತಲುಪಿದ. ಇವತ್ತು ಆ ಊರಿನ ಹೆಸರು ಇನುಕ್ಜುವಾಕ್. ಅಲ್ಲಿ ಒಂದು ವರ್ಷ ಇದ್ದ. ಜೊತೆಯಲ್ಲಿ ಎರಡು ಏಕ್ಲಿ ಕ್ಯಾಮೆರಾ, ಫಿಲಂ ತೊಳೆಯುವ ಸಾಮಾನು, ಚಿತ್ರ ತೋರಿಸುವ ಪ್ರೊಜೆಕ್ಟರ್. ತೆಗೆದದ್ದನ್ನು ಅಲ್ಲೇ ತೊಳೆದು, ಅಲ್ಲಿಯವರಿಗೇ ತೋರಿಸಿ, ಅವರು ಹೇಳಿದ್ದನ್ನು ಕೇಳಿ ಮುಂದಿನ ಚಿತ್ರೀಕರಣ ಮಾಡೋದು ಅವನ ಪದ್ಧತಿಯಾಗಿತ್ತು. ಮಂಜುಗಡ್ಡೆಗೆ ತೂತು ಕೊರೆದು ನೀರು ಹೊತ್ತು ತಂದವರು ಇನ್ಯುಯಿಟ್ಟರು. ಆ ನೀರಿನಲ್ಲಿ ಸೇರಿದ ತುಪ್ಪಳದ ಕೂದಲು ಹೆಕ್ಕಿ ತೆಗೆದವರೂ ಅವರೇ. ಕ್ಯಾಮೆರಾ ಕೆಟ್ಟರೆ ಬಿಚ್ಚಿ ಜೋಡಿಸುವುದನ್ನೂ ಕಲಿತರು. ಇವತ್ತಿನ ಭಾಷೆಯಲ್ಲಿ ಹೇಳೋದಾದ್ರೆ ಅವರು ಬರೀ ಪಾತ್ರಧಾರಿಗಳಲ್ಲ, ಚಿತ್ರತಂಡವೇ ಆಗಿದ್ದರು. ತೆರೆಯ ಮೇಲೆ ಆ ಸಂಗತಿ ಎಲ್ಲೂ ಕಾಣೋದಿಲ್ಲ.

ಚಿತ್ರದ ನಾಯಕ ನಾನೂಕ್. ಆ ಪದಕ್ಕೆ ಹಿಮಕರಡಿ ಅಂತ ಅರ್ಥ. ಪಾತ್ರ ಮಾಡಿದವನ ನಿಜವಾದ ಹೆಸರು ಅಲ್ಲಕಾರಿಯಲ್ಲಾಕ್. ಹೊರಗಿನವರ ನಾಲಿಗೆಗೆ ಸುಲಭವಾಗಲಿ ಅಂತ ಫ್ಲಾಹರ್ಟಿ ಹೆಸರು ಬದಲಿಸಿದ. ತೆರೆಯ ಮೇಲಿನ ಹೆಂಡತಿ ಅವನ ಹೆಂಡತಿಯಲ್ಲ. ಬೇಟೆಗೆ ಅಲ್ಲಿಯವರು ಆಗಲೇ ಬಂದೂಕು ಬಳಸುತ್ತಿದ್ದರು, ಚಿತ್ರದಲ್ಲಿ ಈಟಿಯಷ್ಟೇ ಇದೆ. ಇಗ್ಲೂವಿನ ಒಳಗೆ ಆಗಿನ ಕ್ಯಾಮೆರಾಗೆ ಬೆಳಕು ಸಾಲದು, ಹಾಗಾಗಿ ದೊಡ್ಡ ಇಗ್ಲೂ ಕಟ್ಟಿಸಿ ಅದರ ಒಂದು ಮಗ್ಗುಲನ್ನೇ ತೆಗೆಸಿದ. ಬೆಚ್ಚಗೆ ಮಲಗಿ ಎದ್ದಂತೆ ಕಾಣುವ ಕುಟುಂಬ ನಿಜಕ್ಕೂ ಬಯಲಿನ ಚಳಿಯಲ್ಲಿ ನಡುಗುತ್ತಿತ್ತು. ಗ್ರಾಮಫೋನ್ ತಟ್ಟೆಯನ್ನು ನಾನೂಕ್ ಬೆರಗಿನಿಂದ ಹಲ್ಲಲ್ಲಿ ಕಚ್ಚಿ ನೋಡುವ ದೃಶ್ಯಕ್ಕೆ ಪ್ರೇಕ್ಷಕರು ನಕ್ಕರು. ಅಲ್ಲಕಾರಿಯಲ್ಲಾಕ್‌ಗೆ ಗ್ರಾಮಫೋನ್ ಏನೆಂದು ಚೆನ್ನಾಗಿಯೇ ಗೊತ್ತಿತ್ತು.

ಅದೇ ಚಿತ್ರದಲ್ಲಿ ಮತ್ತೊಂದು ಬಗೆಯ ಸತ್ಯವೂ ಇದೆ. ಹಿಮದ ಗಟ್ಟಿಗಳನ್ನು ಕತ್ತರಿಸಿ ಇಗ್ಲೂ ಕಟ್ಟುವ ಕೈಗಳ ಚಾಕಚಕ್ಯತೆ, ಪಾರದರ್ಶಕ ಮಂಜುಗಡ್ಡೆಯನ್ನು ಕಿಟಕಿಯಾಗಿ ಕೂರಿಸುವ ಜಾಣತನ, ಮಗುವಿಗೆ ಬಿಲ್ಲು ಹಿಡಿಯೋದು ಕಲಿಸುವ ಅಪ್ಪನ ತಾಳ್ಮೆ ಇವೆಲ್ಲ ನಟನೆಯಲ್ಲ. ಕ್ಯಾಮೆರಾ ಅವಸರ ಮಾಡದೆ ಕಾಯುತ್ತದೆ. ಕೆಲಸ ಮುಗಿಯುವವರೆಗೂ ನೋಡುತ್ತದೆ. ಕಿಟಕಿ ಕೂರಿಸಿದ ಮೇಲೆಯೇ ಅದು ಕಿಟಕಿ ಅಂತ ನಮಗೆ ಹೊಳೆಯುತ್ತದೆ. ಅಲ್ಲಿಯತನಕ ಆ ಜನರನ್ನು ಪ್ರದರ್ಶನದ ವಸ್ತುಗಳಂತೆ ನೋಡುತ್ತಿದ್ದ ಬಿಳಿಯರ ಲೋಕ ಮೊದಲ ಸಲ ಒಬ್ಬ ಇನ್ಯುಯಿಟ್ ಮನುಷ್ಯನ ಬುದ್ಧಿ, ಕೌಶಲ, ಪ್ರೀತಿಯನ್ನು ಗಂಟೆಗೂ ಮೀರಿ ಕೂತು ನೋಡಿತು.

1922ರ ಜೂನ್ 11ರಂದು ನ್ಯೂಯಾರ್ಕ್‌ನಲ್ಲಿ 'ನಾನೂಕ್ ಆಫ್ ದಿ ನಾರ್ತ್' ಬಿಡುಗಡೆಯಾಯಿತು. ದೊಡ್ಡ ವಿತರಕರು ಬೇಡ ಅಂದಿದ್ದ ಚಿತ್ರ ದೇಶದೇಶಗಳಲ್ಲಿ ಓಡಿತು. ಅಲ್ಲಕಾರಿಯಲ್ಲಾಕ್ ಮಾತ್ರ ಎರಡೇ ವರ್ಷದಲ್ಲಿ ತೀರಿಕೊಂಡ. ಬೇಟೆಗೆ ಹೋಗಿ ಹಸಿವಿನಿಂದ ಸತ್ತ ಅಂತ ಫ್ಲಾಹರ್ಟಿ ಜಗತ್ತಿಗೆ ಹೇಳಿದ. ಕ್ಷಯ ಬಂದು ಸತ್ತಿರಬೇಕು ಅನ್ನೋದು ನಂತರದ ಸಂಶೋಧಕರ ಅಭಿಪ್ರಾಯ. ವ್ಯತ್ಯಾಸ ಸಣ್ಣದಲ್ಲ. ಹಸಿವಿನ ಸಾವಿಗೆ ಹಿಮವನ್ನು ದೂರಬಹುದು. ಕ್ಷಯ ಆ ಜನರ ನಡುವೆ ಹಬ್ಬಿದ್ದು ಹೊರಗಿನವರ ಜೊತೆಗಿನ ಒಡನಾಟದಿಂದ.

ಸಮೋವಾ ಮತ್ತು ಅರಾನ್: ಇಲ್ಲದ ನಿನ್ನೆಯ ಹುಡುಕಾಟ

ಗೆದ್ದ ಕುದುರೆಯ ಮೇಲೆ ಹಾಲಿವುಡ್ ದುಡ್ಡು ಹಾಕಿತು. ಪ್ಯಾರಮೌಂಟ್ ಕಂಪನಿ ಇನ್ನೊಂದು ನಾನೂಕ್ ಬೇಕು ಅಂತ ಅವನನ್ನು 1923ರಲ್ಲಿ ಪೆಸಿಫಿಕ್ ಸಾಗರದ ಸಮೋವಾಗೆ ಕಳಿಸಿತು. ಹೆಂಡತಿ, ಮಕ್ಕಳು, ತಮ್ಮನ ಜೊತೆ ಸವಾಯಿ ದ್ವೀಪದ ಸಫೂನೆ ಹಳ್ಳಿಯಲ್ಲಿ ಒಂದು ವರ್ಷಕ್ಕೂ ಹೆಚ್ಚು ಇದ್ದ. ಅಲ್ಲಿ ಪ್ರಕೃತಿಯೊಡನೆ ಹೋರಾಟ ಇರಲಿಲ್ಲ. ಹಣ್ಣು, ಮೀನು, ತೆಂಗು ಎಲ್ಲ ಧಾರಾಳ. ಕಥೆಗೆ ಕಷ್ಟ ಬೇಕಲ್ಲ, ಅದಕ್ಕೆ ಬಳಕೆ ತಪ್ಪುತ್ತಿದ್ದ ಹಚ್ಚೆಯ ವಿಧಿಯನ್ನು ದುಡ್ಡು ಕೊಟ್ಟು ಮಾಡಿಸಿದ. ಯುವಕನೊಬ್ಬ ವಾರಗಟ್ಟಲೆ ನಿಜವಾದ ನೋವು ತಿಂದ. ಹೊಲಿದ ಬಟ್ಟೆ ತೊಡುತ್ತಿದ್ದ ಜನಕ್ಕೆ ಅಜ್ಜಂದಿರ ಕಾಲದ ನಾರಿನ ಬಟ್ಟೆ ಉಡಿಸಿದ.

1926ರಲ್ಲಿ ಬಂದ ಈ 'ಮೊವಾನಾ' ನೋಡಿ ಜಾನ್ ಗ್ರಿಯರ್ಸನ್ ಎಂಬ ಸ್ಕಾಟ್ಲೆಂಡಿನ ಯುವಕ ನ್ಯೂಯಾರ್ಕ್ ಪತ್ರಿಕೆಯೊಂದರಲ್ಲಿ ವಿಮರ್ಶೆ ಬರೆದ. ಅದರಲ್ಲಿ ಬಳಸಿದ ಡಾಕ್ಯುಮೆಂಟರಿ ಅನ್ನೋ ಮಾತು ಆಮೇಲೆ ಇಡೀ ಪ್ರಕಾರಕ್ಕೇ ಹೆಸರಾಯಿತು.

ಚಿತ್ರದಲ್ಲಿ ಇಲ್ಲದ್ದು ಏನು? ಆಗ ಪಶ್ಚಿಮ ಸಮೋವಾ ನ್ಯೂಜಿಲೆಂಡಿನ ಆಳ್ವಿಕೆಯಲ್ಲಿತ್ತು. 1918ರಲ್ಲಿ ಇನ್‌ಫ್ಲುಯೆಂಜಾ ರೋಗಿಗಳಿದ್ದ ಹಡಗನ್ನು ಆಡಳಿತ ತಡೆಯದೆ ದಡಕ್ಕೆ ಬಿಟ್ಟಿತು. ಕೆಲವೇ ವಾರಗಳಲ್ಲಿ ಅಲ್ಲಿನ ಜನಸಂಖ್ಯೆಯ ಐದರಲ್ಲಿ ಒಂದು ಪಾಲು ಸತ್ತುಹೋಯಿತು. ಫ್ಲಾಹರ್ಟಿ ಹೋದಾಗ ಆ ಸಾವಿಗೆ ಐದೇ ವರ್ಷ. ಚಿತ್ರದಲ್ಲಿ ನಗುವ ಪ್ರತಿ ಮನೆಯಲ್ಲೂ ಆ ಸೂತಕ ಇದ್ದಿರಬೇಕು. ಅದೇ ಸಿಟ್ಟು ಬೆಳೆದು ಮುಂದೆ ಮಾವು ಎಂಬ ಅಹಿಂಸಾತ್ಮಕ ಸ್ವಾತಂತ್ರ್ಯ ಚಳವಳಿಯಾಯಿತು, 1929ರ ಡಿಸೆಂಬರ್‌ನಲ್ಲಿ ಮೆರವಣಿಗೆಯ ಮೇಲೆ ಪೊಲೀಸರು ಗುಂಡು ಹಾರಿಸಿದರು. 'ಮೊವಾನಾ' ನೋಡಿದವರಿಗೆ ಈ ಸಮೋವಾ ಇತ್ತು ಅಂತಲೇ ಗೊತ್ತಾಗೋದಿಲ್ಲ.

ಐರ್ಲೆಂಡಿನ ಪಶ್ಚಿಮಕ್ಕಿರುವ ಅರಾನ್ ದ್ವೀಪಗಳಲ್ಲೂ ಹೀಗೇ ಆಯಿತು. 1934ರ 'ಮ್ಯಾನ್ ಆಫ್ ಅರಾನ್' ಚಿತ್ರದಲ್ಲಿ ಬಂಡೆಯ ಮೇಲೆ ಕಡಲಪಾಚಿ, ಮರಳು ಹೊತ್ತು ತಂದು ಹಾಕಿ ಆಲೂಗಡ್ಡೆಗೆ ಮಣ್ಣು ಮಾಡಿಕೊಳ್ಳುವ ಜನ ಇದ್ದಾರೆ. ಮನೆಯೆತ್ತರದ ಅಲೆಗಳಿವೆ. ಆ ಅಲೆಗಳ ಚಿತ್ರಣವನ್ನು ಇವತ್ತಿಗೂ ಮೀರಿಸೋದು ಕಷ್ಟ. ಆದರೆ ಚಿತ್ರದ ದೊಡ್ಡ ಘಟನೆಯಾದ ಶಾರ್ಕ್ ಬೇಟೆ ಅಲ್ಲಿ ತಲೆಮಾರುಗಳ ಹಿಂದೆಯೇ ನಿಂತುಹೋಗಿತ್ತು. ಯಾರಿಗೂ ಬರುತ್ತಿರಲಿಲ್ಲ, ಹೊಸದಾಗಿ ಕಲಿಸಬೇಕಾಯಿತು. ತೆರೆಯ ಕುಟುಂಬ ಬೇರೆ ಬೇರೆ ಮನೆಗಳಿಂದ ಆರಿಸಿ ತಂದದ್ದು. ದೋಣಿಯವರು ಕ್ಯಾಮೆರಾಗೋಸ್ಕರ ಹುಚ್ಚು ಕಡಲಿಗೆ ಇಳಿದು ಪ್ರಾಣವನ್ನೇ ಒತ್ತೆಯಿಟ್ಟರು.

ಆ ಜನ ಯಾಕೆ ಬಂಡೆಯ ಮೇಲೆ ಬೆಳೆ ಬೆಳೆಯಬೇಕಾಯಿತು? ದೂರದಲ್ಲಿ ಕೂತು ಗೇಣಿ ವಸೂಲಿ ಮಾಡಿದ ಜಮೀನ್ದಾರರು, ಗೇಣಿ ಕಟ್ಟದವರನ್ನು ಮನೆಯಿಂದ ಹೊರಹಾಕಿದ ಚರಿತ್ರೆ, ಹೊಟ್ಟೆಪಾಡಿಗೆ ಅಮೆರಿಕಕ್ಕೆ ಹೋದ ಮಕ್ಕಳು ಯಾವುದೂ ಚಿತ್ರದಲ್ಲಿಲ್ಲ. ಮನುಷ್ಯನ ಶತ್ರು ಕಡಲು ಮಾತ್ರ. ಜಗತ್ತೇ ಆರ್ಥಿಕ ಕುಸಿತದಲ್ಲಿ ನಿರುದ್ಯೋಗದಿಂದ ನರಳುತ್ತಿದ್ದಾಗ ಇಂಥ ಚಿತ್ರ ಯಾರಿಗೆ ಇಷ್ಟವಾಗುತ್ತೆ? ಅದೇ ವರ್ಷ ವೆನಿಸ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ವಿದೇಶಿ ಚಿತ್ರಕ್ಕೆ ಕೊಡುವ ಮುಸೊಲಿನಿ ಕಪ್ ಇದಕ್ಕೆ ಬಂತು. ಫ್ಲಾಹರ್ಟಿ ಫ್ಯಾಸಿಸ್ಟ್ ಆಗಿರಲಿಲ್ಲ. ಆದರೆ ಬಡತನವನ್ನು ವಿಧಿಯ ಹಾಗೆ, ಪ್ರಕೃತಿಯ ಆಟದ ಹಾಗೆ ತೋರಿಸಿದರೆ ಸರ್ವಾಧಿಕಾರಿಗೂ ಆಕ್ಷೇಪ ಇರೋದಿಲ್ಲ. ಬ್ರಿಟನ್ನಿನ ಎಡಪಂಥೀಯ ವಿಮರ್ಶಕರು ಅವನನ್ನು ಆಗಲೇ ತರಾಟೆಗೆ ತಗೊಂಡಿದ್ದರು.

ಮೈಸೂರಿನ ಆನೆ, ಕಾರಾಪುರದ ಹುಡುಗ

ಈಗ ನಮ್ಮ ಊರಿಗೆ ಬರೋಣ. ಲಂಡನ್ನಿನ ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡಾ ರುಡ್ಯಾರ್ಡ್ ಕಿಪ್ಲಿಂಗ್‌ನ ಕಥೆಯೊಂದನ್ನು ಸಿನಿಮಾ ಮಾಡಲು ಫ್ಲಾಹರ್ಟಿಯನ್ನು 1935ರಲ್ಲಿ ಮೈಸೂರು ಸಂಸ್ಥಾನಕ್ಕೆ ಕಳಿಸಿದ. ಆನೆಗಳ ಜೊತೆ ಬೆಳೆಯುವ ತೂಮಾಯ್ ಎಂಬ ಹುಡುಗನ ಕಥೆ ಅದು. ನಾಲ್ವಡಿ ಕೃಷ್ಣರಾಜ ಒಡೆಯರ್ ಕಾಲ. ಅರಮನೆಯ ಸಹಾಯ ಸಿಕ್ಕಿತು, ಆನೆಗಳು ಸಿಕ್ಕವು. ಕಥೆಯ ಕಾಲಾ ನಾಗ್ ಎಂಬ ಆನೆಯಾಗಿ ನಟಿಸಿದ್ದು ಮಹಾರಾಜರ ಐರಾವತ. ಅರಮನೆಯ ಆನೆಲಾಯದ ಆಶ್ರಯದಲ್ಲಿದ್ದ ತಬ್ಬಲಿ ಹುಡುಗ ಸಾಬುವನ್ನು ಕ್ಯಾಮೆರಾಮನ್ ಆಸ್ಮಂಡ್ ಬೋರಡೇಲ್ ಗುರುತಿಸಿದ. ಆನೆಯ ಮೇಲೆ ಹುಟ್ಟಿದವನಂತೆ ಕೂರುತ್ತಿದ್ದ ಆ ಹುಡುಗನಿಗೆ ನಟನೆ ಕಲಿಸಬೇಕಾಗಿರಲಿಲ್ಲ.

ಫ್ಲಾಹರ್ಟಿ ಎಂದಿನಂತೆ ಆತುರ ಪಡಲಿಲ್ಲ. ತಿಂಗಳುಗಟ್ಟಲೆ ಕಾದ, ನೋಡಿದ, ತೆಗೆದ. ಮಳೆ ಬಂತು, ಖರ್ಚು ಏರಿತು. ಖೆಡ್ಡಾ, ಕಾಡಾನೆಗಳ ಹಿಂಡು, ಆನೆಯ ಮೈ ತೊಳೆಯುವ ಹುಡುಗ ಇವೆಲ್ಲ ಅವನ ಕೈಯ ದೃಶ್ಯಗಳು. ಲಂಡನ್ನಿನಲ್ಲಿ ಕೊರ್ಡಾಗೆ ತಾಳ್ಮೆ ಮುಗಿಯಿತು. ತಂಡವನ್ನು ವಾಪಸ್ ಕರೆಸಿ, ತಮ್ಮ ಜೋಲ್ಟನ್ ಕೊರ್ಡಾ ಕೈಯಲ್ಲಿ ಸ್ಟುಡಿಯೊದಲ್ಲಿ ಸಂಭಾಷಣೆ, ಬಿಳಿ ಸಾಹೇಬನ ಪಾತ್ರ ಎಲ್ಲ ಸೇರಿಸಿದ. 1937ರಲ್ಲಿ ಬಂದ 'ಎಲಿಫೆಂಟ್ ಬಾಯ್' ಹೀಗೆ ಎರಡು ಸಿನಿಮಾಗಳ ಬೆರಕೆ. ಅರ್ಧ ಮೈಸೂರು ಕಾಡು, ಅರ್ಧ ಲಂಡನ್ ಸ್ಟುಡಿಯೊ. ವೆನಿಸ್‌ನಲ್ಲಿ ಇಬ್ಬರಿಗೂ ನಿರ್ದೇಶನದ ಪ್ರಶಸ್ತಿ ಬಂತು.

ಇಲ್ಲಿಯೂ ಚೌಕಟ್ಟಿನಾಚೆ ಏನಿತ್ತು ಅಂತ ಕೇಳಬೇಕು. ಖೆಡ್ಡಾ ಅಂದ್ರೆ ಕಾಡಾನೆ ಹಿಂಡನ್ನು ಸುತ್ತುವರಿದು, ಓಡಿಸಿ, ಕಂದಕ-ದಿಮ್ಮಿಗಳ ಬೇಲಿಯೊಳಕ್ಕೆ ಕೂಡಿ ಹಿಡಿಯೋದು. ಮೈಸೂರಿನಲ್ಲಿ ಇದನ್ನು ಶುರುಮಾಡಿಸಿದವನು ಸ್ಯಾಂಡರ್ಸನ್ ಎಂಬ ಬ್ರಿಟಿಷ್ ಅಧಿಕಾರಿ. ವೈಸರಾಯ್‌ಗಳು, ರಾಜ ಅತಿಥಿಗಳು ಎತ್ತರದಲ್ಲಿ ಕೂತು ನೋಡುತ್ತಿದ್ದ ಮನರಂಜನೆ ಅದು. ಕೆಳಗೆ ಪ್ರಾಣ ಪಣಕ್ಕಿಟ್ಟು ಆನೆ ಓಡಿಸುತ್ತಿದ್ದವರು ಜೇನುಕುರುಬರು, ಕಾಡುಕುರುಬರು, ಮಾವುತರು, ಕಾವಾಡಿಗಳು. ಚಿತ್ರ ಬಂದ ಮರುವರ್ಷವೇ, 1938ರಲ್ಲಿ, ಇದೇ ಸಂಸ್ಥಾನದಲ್ಲಿ ಶಿವಪುರದ ಧ್ವಜ ಸತ್ಯಾಗ್ರಹ ನಡೆಯಿತು, ವಿದುರಾಶ್ವತ್ಥದಲ್ಲಿ ಗೋಲಿಬಾರ್ ಆಯಿತು. ತೆರೆಯ ಮೇಲಿನ ಮೈಸೂರಿಗೆ ಆ ಬಿಸಿ ತಾಗಿಯೇ ಇರಲಿಲ್ಲ.

ಸಾಬು ಮತ್ತೆ ಕಾರಾಪುರದ ಹುಡುಗನಾಗಿ ಉಳಿಯಲಿಲ್ಲ. 'ದಿ ಥೀಫ್ ಆಫ್ ಬಾಗ್ದಾದ್', 'ಜಂಗಲ್ ಬುಕ್' ಮಾಡಿದ. 1944ರಲ್ಲಿ ಅಮೆರಿಕದ ಪೌರನಾದ, ಯುದ್ಧವಿಮಾನದಲ್ಲಿ ಗನ್ನರ್ ಆಗಿ ದುಡಿದು ಪದಕ ಪಡೆದ. ಆದರೆ ಹಾಲಿವುಡ್ ಅವನಿಗೆ ಕೊಟ್ಟದ್ದು ಹೆಚ್ಚಾಗಿ ಕಾಡಿನ ಹುಡುಗನ, ಪೂರ್ವ ದೇಶದವನ ಪಾತ್ರಗಳನ್ನೇ. 1963ರಲ್ಲಿ 39ನೇ ವಯಸ್ಸಿಗೆ ಹೃದಯಾಘಾತದಿಂದ ತೀರಿಕೊಂಡ. ಕಾಕನಕೋಟೆಯ ಕೊನೆಯ ಖೆಡ್ಡಾ 1971ರಲ್ಲಿ ನಡೆಯಿತು. ಅದಾದ ಮೇಲೆ ಆ ಜಾಗಗಳ ಮೇಲೆ ಕಬಿನಿ ನೀರು ನಿಂತಿತು. ಆನೆ ಹಿಡಿಯಲು ಬೇಕಾಗಿದ್ದ ಆದಿವಾಸಿಗಳು ಆನೆ ಉಳಿಸುವ ಕಾಲ ಬಂದಾಗ ಬೇಡವಾದರು. ನಾಗರಹೊಳೆಯ ಹಾಡಿಗಳಿಂದ ಅವರನ್ನು ಒಕ್ಕಲೆಬ್ಬಿಸಿದ ಕಥೆ ಇನ್ನೂ ಮುಗಿದಿಲ್ಲ.

ಒಂದು ಸಲ ನಿಜ ಹೇಳಿದಾಗ

ಫ್ಲಾಹರ್ಟಿ ಒಂದು ಸಲ ತನ್ನ ಅಭ್ಯಾಸ ಮುರಿದ. 1939ರಲ್ಲಿ ಅಮೆರಿಕದ ಕೃಷಿ ಇಲಾಖೆಗೆ ಚಿತ್ರ ಮಾಡಲು ಕರೆ ಬಂತು. ಎಷ್ಟೋ ವರ್ಷಗಳ ಮೇಲೆ ಸ್ವಂತ ದೇಶದಲ್ಲಿ ಸುತ್ತಿದ. ಈ ಸಲ ಹಳೆಯ ಕಾಲವನ್ನು ಮತ್ತೆ ಕಟ್ಟಲಿಲ್ಲ, ಎದುರಿಗಿದ್ದುದನ್ನೇ ತೆಗೆದ. ಕೊಚ್ಚಿಹೋದ ಮಣ್ಣು, ಪಾಳುಬಿದ್ದ ತೋಟದ ಮನೆಗಳು, ಯಂತ್ರಗಳು ಬಂದು ಕೆಲಸ ಕಳೆದುಕೊಂಡ ಒಕ್ಕಲುಗಳು, ಹೊಲದಿಂದ ಹೊಲಕ್ಕೆ ಅಲೆಯುವ ಕೂಲಿ ಕುಟುಂಬಗಳು. ನಿದ್ದೆಯಲ್ಲೂ ಕಾಳು ಬಿಡಿಸುವಂತೆ ಕೈಯಾಡಿಸುವ ಹುಡುಗನೊಬ್ಬ ಅದರಲ್ಲಿದ್ದಾನೆ. ನಾನೂಕ್‌ನ ಮಗನನ್ನು ನೋಡಿ ಮುಗುಳ್ನಕ್ಕವರಿಗೆ ಇವನನ್ನು ನೋಡಿ ನಗೋಕೆ ಆಗೋದಿಲ್ಲ.

'ದಿ ಲ್ಯಾಂಡ್' 1942ರಲ್ಲಿ ಸಿದ್ಧವಾಗುವ ಹೊತ್ತಿಗೆ ಅಮೆರಿಕ ಯುದ್ಧಕ್ಕೆ ಇಳಿದಿತ್ತು. ದೇಶದ ಬಡತನ ತೋರಿಸುವ ಚಿತ್ರ ಸರ್ಕಾರಕ್ಕೆ ಬೇಡವಾಯಿತು. ಚಿತ್ರಮಂದಿರಗಳ ಸಾರ್ವಜನಿಕ ಬಿಡುಗಡೆ ಅದಕ್ಕೆ ಸಿಗಲಿಲ್ಲ. ಪಾಠ ಸ್ಪಷ್ಟ. ಬಡವರನ್ನು ಸುಂದರವಾಗಿ ತೋರಿಸಿದಷ್ಟು ದಿನ ಕಪ್ಪು ಬಂತು, ಪ್ರಶಸ್ತಿ ಬಂತು. ಬಡತನದ ಕಾರಣದ ಹತ್ತಿರ ಹೋದ ಕೂಡಲೇ ರೀಲು ಡಬ್ಬ ಸೇರಿತು.

ಆ ಪಾಠ ಅವನಿಗೆ ಹೇಗೆ ತಾಗಿತೋ, ಮುಂದಿನ ದೊಡ್ಡ ಚಿತ್ರಕ್ಕೆ ದುಡ್ಡು ಕೊಟ್ಟದ್ದು ತೈಲ ಕಂಪನಿ ಸ್ಟ್ಯಾಂಡರ್ಡ್ ಆಯಿಲ್. 1948ರ 'ಲೂಯಿಸಿಯಾನ ಸ್ಟೋರಿ' ಒಂದು ಜೌಗುನಾಡಿನ ಹುಡುಗ, ಅವನ ಸಾಕಿದ ರಕೂನ್, ಮೊಸಳೆ, ಅಲ್ಲಿಗೆ ಬರುವ ಎಣ್ಣೆ ಕೊರೆಯುವ ಯಂತ್ರದ ಕಥೆ. ನಿಶ್ಶಬ್ದ ನೀರಿನ ಮೇಲೆ ದೋಣಿ ಜಾರುವ ಅದರ ಮೊದಲ ದೃಶ್ಯಗಳು ಪ್ರಕೃತಿ ಚಿತ್ರಣದಲ್ಲೇ ಶ್ರೇಷ್ಠವಾದವು. ವರ್ಜಿಲ್ ಥಾಮ್ಸನ್‌ನ ಸಂಗೀತಕ್ಕೆ ಪುಲಿಟ್ಜರ್ ಪ್ರಶಸ್ತಿ ಬಂತು. ತೆರೆಯ ಮೇಲೆ ಕಂಪನಿಯ ಹೆಸರಿಲ್ಲ. ಬೇಕಾಗಿಯೂ ಇರಲಿಲ್ಲ. ಯಂತ್ರದವರು ಒಳ್ಳೆಯವರು, ಹುಡುಗನ ಗೆಳೆಯರು. ಕೆಲಸ ಮುಗಿಸಿ ಏನೂ ಕೆಡಿಸದೆ ಹೊರಟುಹೋಗುತ್ತಾರೆ.

ನಿಜದ ಲೂಯಿಸಿಯಾನದಲ್ಲಿ ಅವರು ಹೊರಟುಹೋಗಲಿಲ್ಲ. ಎಣ್ಣೆ, ಅನಿಲಕ್ಕೆಂದು ಜೌಗಿನಲ್ಲಿ ಸಾವಿರಾರು ಮೈಲಿ ಕಾಲುವೆ ಕೊರೆದರು, ಉಪ್ಪುನೀರು ಒಳಗೆ ನುಗ್ಗಿತು. ನದಿಗೆ ಕಟ್ಟಿದ ಒಡ್ಡುಗಳೂ ಸೇರಿಕೊಂಡು 1930ರ ದಶಕದಿಂದ ಈಚೆಗೆ ಸುಮಾರು 5 ಸಾವಿರ ಚದರ ಕಿಲೋಮೀಟರ್ ನೆಲ ನೀರುಪಾಲಾಗಿದೆ.

ಬಿಟ್ಟುಬಂದ ಮಗ

1951ರ ಜುಲೈ 23ರಂದು ವರ್ಮಾಂಟ್‌ನ ತನ್ನ ತೋಟದ ಮನೆಯಲ್ಲಿ ಫ್ಲಾಹರ್ಟಿ ತೀರಿಕೊಂಡ. ಆದರೆ ಅವನ ಕಥೆಯ ಅತ್ಯಂತ ಕಹಿಯಾದ ಅಧ್ಯಾಯ ಅದಾದ ಮೇಲೆ ನಡೆಯಿತು.

ಪೋರ್ಟ್ ಹ್ಯಾರಿಸನ್‌ನಲ್ಲಿದ್ದ ವರ್ಷ ಮ್ಯಾಗಿ ನುಜಾರ್ಲುಕ್ತುಕ್ ಎಂಬ ಇನ್ಯುಯಿಟ್ ಹೆಣ್ಣುಮಗಳ ಜೊತೆ ಅವನಿಗೆ ಸಂಬಂಧ ಇತ್ತು. ಅವನು ಊರು ಬಿಟ್ಟ ಕೆಲವು ತಿಂಗಳಿಗೆ, 1921ರ ಕ್ರಿಸ್‌ಮಸ್ ಹೊತ್ತಿಗೆ, ಅವಳಿಗೆ ಗಂಡುಮಗು ಹುಟ್ಟಿತು. ಹೆಸರು ಜೋಸೆಫಿ. ತಂದೆ ಮಗನ ಮುಖ ನೋಡಲಿಲ್ಲ, ಇವನು ನನ್ನ ಮಗ ಅಂತ ಎಲ್ಲೂ ಒಪ್ಪಿಕೊಳ್ಳಲಿಲ್ಲ. ಜಗತ್ತು ಅಪ್ಪನ ಚಿತ್ರದಲ್ಲಿ ಇನ್ಯುಯಿಟ್ ಕುಟುಂಬ ಪ್ರೀತಿಯನ್ನು ನೋಡಿ ಕಣ್ಣೀರಿಟ್ಟಿತು.

1953ರಲ್ಲಿ ಕೆನಡಾ ಸರ್ಕಾರ ಇನುಕ್ಜುವಾಕ್‌ನ ಕುಟುಂಬಗಳನ್ನು ಸುಮಾರು 2 ಸಾವಿರ ಕಿಲೋಮೀಟರ್ ಉತ್ತರಕ್ಕೆ, ಉತ್ತರಧ್ರುವದ ಕಡೆಗೆ ಸಾಗಿಸಿತು. ಗ್ರೀಸ್ ಫಿಯರ್ಡ್, ರೆಸಲ್ಯೂಟ್ ಎಂಬ ಜಾಗಗಳಿಗೆ. ಅಲ್ಲಿ ಬೇಟೆ ಚೆನ್ನಾಗಿದೆ, ಎರಡು ವರ್ಷದಲ್ಲಿ ಇಷ್ಟವಾಗದಿದ್ರೆ ವಾಪಸ್ ಬರಬಹುದು ಅನ್ನೋ ಭರವಸೆ ಕೊಟ್ಟರು. ಅಲ್ಲಿ ಮೂರು ತಿಂಗಳಿಗೂ ಹೆಚ್ಚು ಸೂರ್ಯ ಹುಟ್ಟುವುದಿಲ್ಲ. ಪರಿಚಿತ ಪ್ರಾಣಿ, ಸಸ್ಯಗಳಿಲ್ಲ. ವಾಪಸ್ ಕಳಿಸುವ ಮಾತನ್ನು ಸರ್ಕಾರ ಉಳಿಸಿಕೊಳ್ಳಲಿಲ್ಲ. ಶೀತಲ ಸಮರದ ಆ ಕಾಲದಲ್ಲಿ ಖಾಲಿ ದ್ವೀಪಗಳ ಮೇಲೆ ತನ್ನ ಹಕ್ಕು ಸ್ಥಾಪಿಸಲು ಕೆನಡಾ ನಮ್ಮನ್ನು ಬಾವುಟದ ಕಂಬಗಳ ಹಾಗೆ ನೆಟ್ಟಿತು ಅನ್ನೋದು ಆ ಕುಟುಂಬಗಳ ಆರೋಪ. 1955ರ ಎರಡನೇ ತಂಡದಲ್ಲಿ ಜೋಸೆಫಿ ಫ್ಲಾಹರ್ಟಿ, ಅವನ ಹೆಂಡತಿ, ಮಕ್ಕಳು ಇದ್ದರು.

ಆ ಅಧಿಕಾರಿಗಳ ಮನಸ್ಸಿನಲ್ಲಿ ಇನ್ಯುಯಿಟ್ ಅಂದ್ರೆ ಯಾರು? ಎಂಥ ಹಿಮದಲ್ಲೂ ಈಟಿ ಹಿಡಿದು ನಗುನಗುತ್ತ ಬದುಕಬಲ್ಲವನು. ಅಂಗಡಿ, ಆಸ್ಪತ್ರೆ, ಶಾಲೆ ಯಾವುದೂ ಬೇಡದವನು. ಆ ಚಿತ್ರ ಎಲ್ಲಿಂದ ಬಂತು ಅನ್ನೋದಕ್ಕೆ ಒಂದೇ ಉತ್ತರ ಇಲ್ಲ. ಆದರೆ ಅದನ್ನು ಜಗತ್ತಿನ ಕಣ್ಣಲ್ಲಿ ಎಲ್ಲಕ್ಕಿಂತ ಗಟ್ಟಿಯಾಗಿ ಕೂರಿಸಿದ್ದು ನಾನೂಕ್. ಅಪ್ಪ ಕಟ್ಟಿದ ಕಲ್ಪನೆಯೊಳಗೆ ಮಗ ಬದುಕಬೇಕಾಯಿತು.

ಜೋಸೆಫಿಯ ಮಗಳು ಮಾರ್ತಾ ಫ್ಲಾಹರ್ಟಿ ಆ ಎತ್ತಂಗಡಿಯಾದಾಗ ಪುಟ್ಟ ಹುಡುಗಿ. ಬೆಳೆದು ಇನ್ಯುಯಿಟ್ ಮಹಿಳೆಯರ ಸಂಘಟನೆಯ ಅಧ್ಯಕ್ಷೆಯಾದರು, ತಮ್ಮ ಜನಕ್ಕಾದ ಅನ್ಯಾಯದ ಬಗ್ಗೆ ಸಾರ್ವಜನಿಕವಾಗಿ ಸಾಕ್ಷಿ ನುಡಿದರು. ಅಜ್ಜನ ಚಿತ್ರದಲ್ಲಿ ಮಾತೇ ಇರಲಿಲ್ಲ. ಮೊಮ್ಮಗಳು ಮಾತಾಡಿದರು. ದಶಕಗಳ ಹೋರಾಟದ ನಂತರ 2010ರ ಆಗಸ್ಟ್‌ನಲ್ಲಿ ಕೆನಡಾ ಸರ್ಕಾರ ಕ್ಷಮೆ ಕೇಳಿತು.

ಹಾಗಾದರೆ ಫ್ಲಾಹರ್ಟಿಯನ್ನು ಏನು ಮಾಡೋಣ?

ರದ್ದು ಮಾಡಿ ಪಕ್ಕಕ್ಕಿಡೋದು ಸುಲಭ. ಆದರೆ ನಷ್ಟ ನಮಗೇ. ಮನುಷ್ಯರ ಜೊತೆ ವರ್ಷಗಟ್ಟಲೆ ಇದ್ದು ನೋಡಬೇಕು, ಅವರ ಕೈಕೆಲಸಕ್ಕೆ ಗೌರವ ಕೊಡಬೇಕು, ತೆಗೆದದ್ದನ್ನು ಮೊದಲು ಅವರಿಗೇ ತೋರಿಸಬೇಕು ಅನ್ನೋದನ್ನ ಅವನು ಸಿನಿಮಾಗೆ ಕಲಿಸಿದ. 'ಲೂಯಿಸಿಯಾನ ಸ್ಟೋರಿ'ಗೆ ಕ್ಯಾಮೆರಾ ಹಿಡಿದ ರಿಚರ್ಡ್ ಲೀಕಾಕ್ 1960ರ ಹೊತ್ತಿಗೆ ಹಗುರ ಕ್ಯಾಮೆರಾ, ಜೊತೆಗೇ ಧ್ವನಿ ಹಿಡಿಯುವ ಯಂತ್ರ ಬಳಸಿ, ಏನನ್ನೂ ಹೇಳಿ ಮಾಡಿಸದೆ ನಡೆಯುವುದನ್ನು ನೋಡುವ ಹೊಸ ಪದ್ಧತಿ ಕಟ್ಟಿದವರಲ್ಲಿ ಒಬ್ಬನಾದ. ಗುರುವಿನ ತಾಳ್ಮೆ ಉಳಿಸಿಕೊಂಡು, ಗುರುವಿನ ನಾಟಕ ಬಿಟ್ಟ.

ಇನ್ಯುಯಿಟ್ಟರು ಅದಕ್ಕಿಂತ ಮುಂದೆ ಹೋದರು. ಜಕರಿಯಾಸ್ ಕುನುಕ್ ತಮ್ಮ ಜನರ ತಂಡ ಕಟ್ಟಿ, ತಮ್ಮದೇ ಭಾಷೆಯಲ್ಲಿ 'ಅತನಾರ್ಜುವಾತ್' ಚಿತ್ರ ಮಾಡಿದರು. 2001ರ ಕಾನ್ ಚಿತ್ರೋತ್ಸವದಲ್ಲಿ ಮೊದಲ ಚಿತ್ರಕ್ಕೆ ಕೊಡುವ ಪ್ರಶಸ್ತಿ ಅದಕ್ಕೆ ಸಿಕ್ಕಿತು. ಕ್ಯಾಮೆರಾ ರಿಪೇರಿ ಮಾಡಿಯೂ ಹೆಸರಿಲ್ಲದೆ ಹೋದವರ ಮೊಮ್ಮಕ್ಕಳ ಕಾಲಕ್ಕೆ ಕ್ಯಾಮೆರಾ ಅವರ ಕೈಗೇ ಬಂತು.

ಇವತ್ತು ಕಾಡಿನ ಬಗ್ಗೆ, ಹಾಡಿಗಳ ಬಗ್ಗೆ, ಹುಲಿ-ಆನೆಗಳ ಬಗ್ಗೆ ಕಣ್ಣು ಕೋರೈಸುವ ಚಿತ್ರಗಳು ನಮ್ಮ ಮೊಬೈಲಿಗೇ ಬರುತ್ತವೆ. ಡ್ರೋನ್ ಮೇಲಿಂದ ನೋಡಿದರೆ ಕಬಿನಿ ಹಿನ್ನೀರು ಸ್ವರ್ಗ. ಮುಂದಿನ ಸಲ ಅಂಥದ್ದೊಂದು ನೋಡುವಾಗ ಅಥವಾ ನೀವೇ ಒಂದು ತೆಗೆಯುವಾಗ ಮೂರು ಪ್ರಶ್ನೆ ಕೇಳಿಕೊಳ್ಳಿ. ಇದಕ್ಕೆ ದುಡ್ಡು ಯಾರದು? ಚೌಕಟ್ಟಿನಿಂದ ಹೊರಗೆ ಉಳಿದವರು ಯಾರು? ಚಿತ್ರ ಮುಗಿದ ಮೇಲೆ ಇದರಲ್ಲಿರೋ ಜನಕ್ಕೆ ಏನಾಗುತ್ತೆ? ಫ್ಲಾಹರ್ಟಿ ಈ ಮೂರನ್ನೂ ಕೇಳಿಕೊಳ್ಳದೆ ದೊಡ್ಡ ಕಲಾವಿದನಾದ. ಅದರ ಬೆಲೆ ತೆತ್ತದ್ದು ಜೋಸೆಫಿ.